ಅಳಿದ ದನಿಗಳ ಉಳಿವು

ಶಬ್ದವು ಆಕಾಶದ ಗುಣ. ಹುಟ್ಟಿದ ಮರುಕ್ಷಣದಲ್ಲಿಯೇ ಅದು ನಾಶವಾಗತಕ್ಕದ್ದು ಎಂದು ನಮ್ಮ ತಾರ್ಕಿಕರು ಹೇಳಿರುವರು. 1877ರಲ್ಲಿ ಎಡಿಸನ್ ಮಹಾಶಯನು ಧ್ವನಿಯಂತ್ರವನ್ನು ನಿರ್ಮಿಸಿದುದರಿಂದ, ಅಳಿದ ದನಿಯನ್ನು ಮರಳಿ ಕೇಳುವ ಭಾಗ್ಯವು ಮನುಷ್ಯನಿಗೆ ಒದಗಿತು. ಈ ಭಾಗ್ಯವನ್ನು ದೂರದರ್ಶನದ ಕಥನಕಾರರು ಬಳಸುವ ಬಗೆಯನ್ನು ವಾಚಕರ ಮುಂದಿಡಲು ಬಯಸುತ್ತೇವೆ.

1969ರಲ್ಲಿ ಅಪೊಲೊ 11 ನೌಕೆಯು ಚಂದ್ರನಲ್ಲಿಗೆ ಹೋದಾಗ, ಭೂಮಿಯ ನಿಯಂತ್ರಣಾಲಯದಲ್ಲಿ ಕುಳಿತವರ ಸಂಭಾಷಣೆಯು ಧ್ವನಿಪಟ್ಟಿಗಳಲ್ಲಿ ದಾಖಲಾಗಿತ್ತು. ಟಾಡ್ ಡಗ್ಲಾಸ್ ಮಿಲ್ಲರ್ ಎಂಬವರು 2019ರಲ್ಲಿ ಹೊರಬಂದ ಈ ಯಾತ್ರೆಯ ಚಿತ್ರವನ್ನು ರಚಿಸುವಾಗ ಸುಮಾರು 11,000 ಗಂಟೆಗಳ ಇಂತಹ ಧ್ವನಿಯು ಅವರ ಕೈಗೆ ಬಂದಿತು. ಆ ಚಿತ್ರವು ದೂರದರ್ಶನದಲ್ಲಿಯೂ ಪ್ರಸಾರವಾಯಿತು. ನಿಯಂತ್ರಣಾಲಯದ ಹಳೆಯ ಚಿತ್ರಸುರುಳಿಗಳಾದರೋ ಮೂಕವಾಗಿದ್ದುವು. ಸ್ಟೀಫನ್ ಸ್ಲೇಟರ್ ಎಂಬವರು ತುಟಿಗಳ ಚಲನೆಯನ್ನು ನೋಡಿ, ಆಯಾ ಮಾತನ್ನು ಹುಡುಕಿ, ಒಂದಕ್ಕೊಂದನ್ನು ಹೊಂದಿಸಿದರು. ಇದು ಎಂತಹ ತಪಸ್ಸು! ಹೊಸ ನಿರೂಪಕನೊಬ್ಬನ ಸಹಾಯವಿಲ್ಲದೆಯೇ ಅಲ್ಲಿ ಕಥೆಯು ತಾನಾಗಿ ನಡೆಯುವುದು.

ಇನ್ನೊಂದು ಮಾರ್ಗವೂ ಉಂಟು. 1986ರ ಏಪ್ರಿಲ್ 26ರಂದು ಸಂಭವಿಸಿದ ಚೆರ್ನೋಬಿಲ್ ಅಣುಸ್ಥಾವರದ ದುರಂತವನ್ನು ಕುರಿತು 2019ರಲ್ಲಿ ಐದು ಕಂತುಗಳ ದೂರದರ್ಶನ ಕಥಾನಕವೊಂದು ಬಂದಿತು. ಅದರ ಸಂಗೀತವನ್ನು ರಚಿಸಿದವರು ಐಸ್‌ಲ್ಯಾಂಡಿನ ಹಿಲ್ದುರ್ ಗುಡ್ನಾದೊತ್ತಿರ್ ಎಂಬ ವಿದುಷಿ. ಅವರು ವಾದ್ಯಗಳನ್ನು ಅರಸಲಿಲ್ಲ. ಲಿಥುವೇನಿಯಾದಲ್ಲಿ 2009ರಲ್ಲಿ ಮುಚ್ಚಲ್ಪಟ್ಟ, ಚೆರ್ನೋಬಿಲ್ ಮಾದರಿಯದೇ ಆದ ಇಗ್ನಾಲಿನಾ ಸ್ಥಾವರವನ್ನು ಹೊಕ್ಕು, ಅಲ್ಲಿನ ಬಾಗಿಲು ಮತ್ತು ಯಂತ್ರಗಳ ಸದ್ದನ್ನೂ ಕೋಣೆಗಳ ಅನುರಣನವನ್ನೂ ಮುದ್ರಿಸಿಕೊಂಡು, ಅವುಗಳಿಂದಲೇ ರಾಗವನ್ನು ಕಟ್ಟಿ, ತಮ್ಮ ಕಂಠವನ್ನು ಬೆರೆಸಿದರು. ಕಣ್ಣಿಗೆ ಕಾಣದ, ಕಿವಿಗೆ ಕೇಳದ ವಿಷಕಿರಣದ ಭಯಕ್ಕೆ ಹೀಗೆ ನಾದವೊಂದು ದೊರೆಯಿತು.

ಆದರೆ ಇಲ್ಲಿ ವಿವೇಕವು ಆವಶ್ಯಕ. ಕಥಾನಕದಲ್ಲಿ ಒಂದೆಡೆಯ ಸದ್ದನ್ನು ಇನ್ನೊಂದೆಡೆಗೆ ಒಯ್ಯುವುದು ಕವಿಸಮಯದಂತೆ ಕ್ಷಮ್ಯ. ನಡೆದುದನ್ನೇ ತೋರಿಸುವೆವೆಂಬ ಚಿತ್ರದಲ್ಲಿ ಒಬ್ಬನ ತುಟಿಗೆ ಇನ್ನೊಬ್ಬನ ಮಾತನ್ನು ಅಂಟಿಸಿದರೆ ಅದು ಕೂಟಸಾಕ್ಷ್ಯವೇ ಸರಿ. ಸತ್ತವನು ಎದ್ದು ಬಂದು ಅಲ್ಲಗಳೆಯಲಾರನಷ್ಟೆ!

ಇದನ್ನೆಲ್ಲ ಬರೆಯುವಾಗ ನಮ್ಮ ಮನೆಯ ಒಂದು ಕ್ಯಾಸೆಟ್ಟು ನೆನಪಾಗುವುದು. ನಮ್ಮ ಮಾತೃಶ್ರೀಯವರು ಹಾಡಿದ ಹಸೆಗೆ ಕರೆಯುವ ಹಾಡುಗಳು ಅದರಲ್ಲಿದ್ದುವು. ನಾವು ಅಜಾಗರೂಕತೆಯಿಂದ ಅದರ ಮೇಲೆ ನಮ್ಮದೇ ಭಾಷಣವೊಂದನ್ನು ಮುದ್ರಿಸಿಬಿಟ್ಟೆವು. ಭಾಷಣವು ಮುಗಿದ ಮೇಲೆ ಕೊನೆಯಲ್ಲಿ ಅರ್ಧ ನಿಮಿಷ ಮಾತ್ರ ಹಳೆಯದು ಉಳಿದಿದೆ. ಅದರಲ್ಲಿ ಹಾಡಿಲ್ಲ, ಪಾತ್ರೆಯೊಂದು ಉರುಳಿದ ಸದ್ದು, ಅನಂತರ "ಸಾಕೇನಪ್ಪಾ?" ಎಂಬ ಅವರ ಪ್ರಶ್ನೆ. ಅವರು ಗತಿಸಿದ ಮೇಲೆ ನಾವು ನೂರು ಬಾರಿ ಕೇಳಿದುದು ಆ ಅರ್ಧ ನಿಮಿಷವನ್ನೇ.

ವಾಚಕರ ಮನೆಗಳಲ್ಲಿಯೂ ಹಿರಿಯರ ದನಿಗಳು ಇರಬಹುದು. ಹೆಸರು, ದಿನ, ಸ್ಥಳಗಳನ್ನು ಬರೆದಿಟ್ಟು, ಒಂದಕ್ಕೆ ಎರಡು ಪ್ರತಿಗಳನ್ನು ಮಾಡಿಸಿ ಕಾಪಾಡಿರಿ. ನಡುವಿನ ಕೆಮ್ಮನ್ನೂ ಪಾತ್ರೆಯ ಸದ್ದನ್ನೂ ಅಳಿಸದಿರಿ.