ಕಮೀಲಿಯ



ದಿನವೂ ಚಹ ಕುಡಿಯುವವರಲ್ಲಿ ಎಷ್ಟು ಮಂದಿ ಚಹದ ಹೂವನ್ನು ಕಂಡಿರುವಿರಿ? ನಾನು ಕಾಫಿಯ ಪಕ್ಷದವನು. ತರಗತಿಯಲ್ಲಿ ಈ ಗಿಡದ ಲಕ್ಷಣಗಳನ್ನು ಹತ್ತಾರು ಸಲ ಬರೆಯಿಸಿದವನಾದರೂ ಹೂವನ್ನು ಕಣ್ಣಾರೆ ಕಂಡದ್ದು ತೀರ ತಡವಾಗಿ. ನೀಲಗಿರಿಯ ಒಂದು ತೋಟದ ಬೇಲಿಯ ಮಗ್ಗುಲಲ್ಲಿ, ಕತ್ತರಿಯ ಬಾಯಿಗೆ ಸಿಕ್ಕದೆ ಆಳೆತ್ತರಕ್ಕಿಂತ ಮಿಗಿಲಾಗಿ ಬೆಳೆದ ಗಿಡವೊಂದಿತ್ತು. ಅದರ ತುಂಬ ತಲೆಬಾಗಿದ ಬಿಳಿಯ ಹೂಗಳು, ನಡುವೆ ಹಳದಿಯ ಕೇಸರಗಳ ಕುಚ್ಚು. ಒಂದನ್ನು ಕೊಯ್ದು ಮೇಸ್ತ್ರಿಗೆ ತೋರಿಸಿದೆನು. “ಹೂ ಬಿಟ್ಟರೆ ನಮಗೆ ನಷ್ಟ, ಸ್ವಾಮಿ” ಎಂದು ಆತನು ಮುಖ ತಿರುಗಿಸಿದನು.

ಆತನ ಮಾತು ಸರಿಯೆ. ಕೊಡಗು, ಚಿಕ್ಕಮಗಳೂರುಗಳ ಕಾಫಿ ಬೆಳೆಗಾರನು ಹೂಮಳೆಗಾಗಿ ಆಕಾಶವನ್ನು ನೋಡುತ್ತಾನೆ. ಹೂವಿಲ್ಲದೆ ಅವನಿಗೆ ಕಾಯಿಲ್ಲ. ಚಹದವನಿಗೆ ಬೇಕಾದುದು ಎರಡೆಲೆ, ಒಂದು ಕುಡಿ. ಹೂವಿಗೂ ಬೀಜಕ್ಕೂ ವ್ಯಯವಾದ ಸತ್ತ್ವವು ಚಿಗುರಿಗೆ ದೊರೆಯದು. ಆದುದರಿಂದಲೇ ಮರವಾಗಬಲ್ಲ ಗಿಡವನ್ನು ಸೊಂಟದೆತ್ತರಕ್ಕೆ ಸವರಿ, ಮೇಲಿಂದ ಮೇಲೆ ಚಿಗುರು ಚಿವುಟುತ್ತ, ಅದನ್ನು ಎಂದೆಂದೂ ಬಾಲ್ಯದಲ್ಲಿಯೇ ಇರಿಸುವರು.

ಇದರ ದಾಯಾದಿಗಳನ್ನು ಚೀನ, ಜಪಾನುಗಳಲ್ಲಿ ಹೂವಿಗಾಗಿಯೇ ಶತಮಾನಗಳಿಂದ ಸಾಕಿದ್ದಾರೆ. ಎಲ್ಲವೂ ಕಮೀಲಿಯ ಎಂಬ ಒಂದೇ ಜಾತಿಯವು. ದಪ್ಪನೆಯ, ಹೊಳೆಯುವ, ಎಂದೂ ಪೂರ್ತಿಯಾಗಿ ಉದುರದ ಎಲೆಯುಳ್ಳವು. ಇದರ ಪ್ರಭೇದಗಳು ನೂರೆಂದು ಕೆಲವರು, ಇನ್ನೂರಕ್ಕೂ ಮೀರಿದುವೆಂದು ಕೆಲವರು ವಾದಿಸುವರು. ಆ ಜಗಳದಲ್ಲಿ ತಮಗೆ ಸ್ವಾರಸ್ಯ ಕಾಣದು. 1753ರಲ್ಲಿ ಲಿನೀಯಸನು ಚಹವನ್ನು ‘ಥೀಯ’ ಎಂದೂ, ಜಪಾನಿನ ಹೂಗಿಡವನ್ನು ‘ಕಮೀಲಿಯ’ ಎಂದೂ ಬೇರೆ ಬೇರೆ ಜಾತಿಗಳಲ್ಲಿರಿಸಿದನು. ಒಂದರ ಹೂವಿಗೆ ತೊಟ್ಟುಂಟು, ಇನ್ನೊಂದು ರೆಂಬೆಗೆ ಅಂಟಿಯೇ ಅರಳುವುದು. ಈ ಬಗೆಯ ಭೇದಗಳು ಮನೆಯೊಡೆಯಲು ಸಾಲವೆಂದು ಕಂಡು, 1818ರಲ್ಲಿ ರಾಬರ್ಟ್ ಸ್ವೀಟನು ಎರಡನ್ನೂ ಒಂದುಗೂಡಿಸಿದನು. ಹೆಸರಿನ ಕಥೆ ಇನ್ನೂ ವಿಚಿತ್ರವಾದುದು. ಕಾಮೆಲ್ ಎಂಬ ಜೆಸ್ವಿಟ್ ಪಾದ್ರಿಯು ಬ್ರ್ನೊ ನಗರದಲ್ಲಿ 1661ರಲ್ಲಿ ಹುಟ್ಟಿ, ಫಿಲಿಪೈನ್ಸಿನಲ್ಲಿ ಔಷಧ ಕೊಡುತ್ತ, ಅಲ್ಲಿಯ ಗಿಡಗಳ ಚಿತ್ರಗಳನ್ನು ಲಂಡನ್ನಿಗೆ ಕಳುಹಿಸುತ್ತ, 1706ರಲ್ಲಿ ಮನಿಲದಲ್ಲಿ ತೀರಿಕೊಂಡನು. ತನ್ನ ಹೆಸರನ್ನು ಹೊತ್ತ ಗಿಡವನ್ನು ಆತನು ಕಂಡಿದ್ದನೆಂಬುದಕ್ಕೆ ಆಧಾರವೇ ಇಲ್ಲ!

ಜಪಾನಿನವರು ‘ತ್ಸುಬಕಿ’ ಎನ್ನುವ ಕೆಂಪು ಕಮೀಲಿಯ ಅರಳುವುದು ಚಳಿಗಾಲದಿಂದ ವಸಂತದವರೆಗೆ. ಹಿಮ ಬಿದ್ದಿರುವಾಗ ದುಂಬಿಯೆಲ್ಲಿ ಬಂದೀತು? ಆಗ ಕಣ್ಣಿನ ಸುತ್ತ ಬಿಳಿಯ ಬಳೆಯುಳ್ಳ ಒಂದು ಪುಟ್ಟ ಹಕ್ಕಿ ಮಕರಂದಕ್ಕಾಗಿ ಬರುವುದು. ಅದರ ಬಂಧುಗಳು ನಮ್ಮ ತೋಟಗಳಲ್ಲಿಯೂ ಉಂಟು. ಹಕ್ಕಿಯ ಕೊಕ್ಕಿನ ತಿವಿತವನ್ನು ತಾಳುವಷ್ಟು ಹೂವು ಗಟ್ಟಿ: ಕೇಸರಗಳ ಬುಡಗಳು ಕೂಡಿ ಕೊಳವೆಯಾಗಿವೆ, ದಳಗಳ ಬುಡವೂ ಅದಕ್ಕೆ ಬೆಸೆದಿದೆ. ಈ ಬೆಸುಗೆಯ ಫಲವಾಗಿ, ಕಾಲ ಮುಗಿದಾಗ ದಳಗಳು ಒಂದೊಂದಾಗಿ ಉದುರುವುದಿಲ್ಲ. ಇಡಿಯ ಹೂವೇ ಬಣ್ಣಗೆಡದೆ ತಟ್ಟನೆ ನೆಲಕ್ಕೆ ಬೀಳುವುದು. ಕತ್ತಿಯ ಏಟಿಗೆ ಉರುಳಿದ ತಲೆಯ ನೆನಪಾಗುವುದೆಂದು ಯೋಧರಿಗೆ ಈ ಹೂ ಅಪಶಕುನವಾಗಿತ್ತೆಂಬ ಮಾತೊಂದು ಅಲ್ಲಿ ಉಂಟು. ನಿಜವೋ, ಕಟ್ಟುಕಥೆಯೋ, ರೋಗಿಯನ್ನು ನೋಡಲು ಹೋಗುವವರಂತೂ ಇದನ್ನು ಒಯ್ಯರು. ಶರತ್ಕಾಲದಲ್ಲಿ ಅರಳುವ ‘ಸಸಂಕ್ವ’ದ ದಳಗಳಾದರೋ ನಮ್ಮ ಗುಲಾಬಿಯಂತೆ ಬಿಡಿಬಿಡಿಯಾಗಿ ಚೆಲ್ಲುವುವು. ತ್ಸುಬಕಿಯ ಬೀಜದ ಎಣ್ಣೆ ಜಪಾನಿನ ಸ್ತ್ರೀಯರ ಕೂದಲಿಗೆ. ಮತ್ತೊಂದು ಪ್ರಭೇದದ ಎಣ್ಣೆ ದಕ್ಷಿಣ ಚೀನದ ಬಾಣಲೆಗೆ.

ಬಿಳಿ, ನಸುಗೆಂಪು, ಕೆಂಪು, ಇವನ್ನು ಬೆರಸಿ ತೋಟಗಾರರು ಸಾವಿರಾರು ತಳಿಗಳನ್ನು ಎಬ್ಬಿಸಿದರೂ ಅಚ್ಚ ಹಳದಿ ಮಾತ್ರ ಕೈಗೆ ಹತ್ತಲಿಲ್ಲ. ಚೀನದ ಗುವಾಂಗ್‌ಶಿ ಪ್ರಾಂತದ ಕಣಿವೆಗಳ ನೆರಳಿನಲ್ಲಿ ಹೊಂಬಣ್ಣದ ಕಮೀಲಿಯ ಇರುವುದು ವಿದ್ವಾಂಸರಿಗೆ ಗೊತ್ತಾದುದು ಇಪ್ಪತ್ತನೆಯ ಶತಮಾನದಲ್ಲಿ. ಸುದ್ದಿ ಹಬ್ಬಿದೊಡನೆ ಅದಕ್ಕೆ ಬೆಲೆ ಬಂದಿತು. ಬೆಲೆ ಬಂದೊಡನೆ ಗುದ್ದಲಿಯೂ ಬಂದಿತು. ಒಂದು ಕಡೆ ಕಾಡು ಸವೆಯಿತು, ಇನ್ನೊಂದು ಕಡೆ ಸಸಿಗಳನ್ನು ಬೇರುಸಹಿತ ಕಿತ್ತು ಮಾರಿದರು. ಚೀನದ ಸರ್ಕಾರವು ಅದನ್ನು ಸಂರಕ್ಷಿತ ಸಸ್ಯಗಳ ಪಟ್ಟಿಗೆ ಸೇರಿಸಿದೆ. ನಾನ್ನಿಂಗ್ ನಗರದ ಉದ್ಯಾನದಲ್ಲಿ ಅದನ್ನು ಸಾಕಿ ಬೆಳೆಸುತ್ತಿದ್ದಾರೆ.

ನೀಲಗಿರಿಯಿಂದ ತಂದ ಹೂವನ್ನು ಪುಸ್ತಕವೊಂದರಲ್ಲಿ ಒತ್ತಿಟ್ಟಿದ್ದೆನು. ಕೇಸರಗಳು ಕಂದಿವೆ, ದಳಗಳು ಈಗ ಚಹದ ಬಣ್ಣಕ್ಕೇ ತಿರುಗಿವೆ.