ಅಪ್ಪ ಅಂದರೆ ತುಟಿ ಸೇರಬೇಕು

ಹಲಸೂರು, ಶಿವಾಜಿನಗರದ ಕಡೆ ಬೆಳೆದವರಿಗೆ ಡಬ್ಬಿಂಗ್ ಯಾಕೆ ಬೇಕು ಅನ್ನೋದೇ ಅರ್ಥವಾಗಲ್ಲ. ಒಂದೇ ಬೀದೀಲಿ ತಮಿಳು, ಉರ್ದು, ತೆಲುಗು, ಕನ್ನಡ ಕಿವಿಗೆ ಬೀಳುತ್ತೆ. ಹಲಸೂರಿನ ಲಾವಣ್ಯ ಚಿತ್ರಮಂದಿರದಲ್ಲಿ ತಮಿಳು ಸಿನಿಮಾ ನೋಡಿ ಬಂದವರು ಕನ್ನಡದಲ್ಲೇ ಕಥೆ ಹೇಳ್ತಾರೆ. ಆದರೆ ಮಂಡ್ಯದ ಹಳ್ಳಿಯಿಂದ ಕೆ.ಆರ್.ಪುರದ ಮಗನ ಮನೆಗೆ ಬಂದ ಅಜ್ಜಿಗೆ ಆ ಅನುಕೂಲ ಇಲ್ಲ. ಮೊಮ್ಮಕ್ಕಳು ನಗುವಾಗ ಅವರು ಬರೀ ಮುಖ ನೋಡಬೇಕು.

ಡಬ್ಬಿಂಗ್ ನಿಷೇಧ ಅಂತೀವಲ್ಲ, ಅದಕ್ಕೆ ಕಾನೂನೇನೂ ಇರಲಿಲ್ಲ. ಅರವತ್ತರ ದಶಕದಲ್ಲಿ ಅನಕೃ, ರಾಜ್‌ಕುಮಾರ್ ಮೊದಲಾದವರು ವಿರೋಧಿಸಿದಾಗ ಕನ್ನಡ ಚಿತ್ರರಂಗ ಇನ್ನೂ ಮದ್ರಾಸಿನ ಸ್ಟುಡಿಯೋಗಳನ್ನೇ ನಂಬಿತ್ತು. ನಮ್ಮ ಕಲಾವಿದರ ಅನ್ನದ ಪ್ರಶ್ನೆ ಅದು. ಆಗ ಅದು ಸರಿಯೇ ಅನ್ನಿಸುತ್ತೆ ನನಗೆ. ಆದರೆ 2012ರಲ್ಲಿ ಆಮಿರ್ ಖಾನ್ ಅವರ ‘ಸತ್ಯಮೇವ ಜಯತೆ’ ಹೆಣ್ಣುಭ್ರೂಣ ಹತ್ಯೆ ಬಗ್ಗೆ ಮಾತಾಡಿದಾಗ, ಅದೂ ಕನ್ನಡದಲ್ಲಿ ಬರಲಿಲ್ಲ. ಕೇಳಲೇಬೇಕಾದ ಎಷ್ಟು ತಾಯಂದಿರಿಗೆ ಅದು ತಲುಪಲಿಲ್ಲವೋ! 2015ರಲ್ಲಿ ಭಾರತೀಯ ಸ್ಪರ್ಧಾ ಆಯೋಗ ಈ ತಡೆ ತಪ್ಪು ಅಂತ ಹೇಳಿತು. 2017ರಲ್ಲಿ ಅಜಿತ್ ಅವರ ತಮಿಳು ಚಿತ್ರ ‘ಸತ್ಯದೇವ್ ಐಪಿಎಸ್’ ಆಗಿ ತೆರೆಗೆ ಬಂತು.

ಕಳೆದುಕೊಳ್ಳೋದು ಕಮ್ಮಿ ಏನಲ್ಲ. ತೆಲುಗಿನ ಹೀರೋ ‘ನಾನ್ನಾ’ ಅಂದಾಗ ತುಟಿ ಸೇರಲ್ಲ. ಕನ್ನಡದ ‘ಅಪ್ಪಾ’ ಅನ್ನೋಕೆ ಸೇರಲೇಬೇಕು. ತಮಿಳಲ್ಲೂ ಅಪ್ಪನೇ ಆದ್ದರಿಂದ ಅಲ್ಲಿ ಈ ತಾಪತ್ರಯ ಇಲ್ಲ. ಇಂಗ್ಲಿಷಿನದು ಇನ್ನೊಂದು ಪೇಚು: ಅವರ ಒಂದೇ ‘ಯೂ’ಗೆ ನಮ್ಮಲ್ಲಿ ನೀನು, ನೀವು ಎರಡಿವೆ. ಗಂಡ ಹೆಂಡತಿಯನ್ನ ಹೇಗೆ ಕರೀಬೇಕು, ಸೊಸೆ ಅತ್ತೆಯನ್ನ ಹೇಗೆ ಮಾತಾಡಿಸಬೇಕು ಅಂತ ಸಂಭಾಷಣೆ ಬರೆಯೋರೇ ತೀರ್ಮಾನಿಸಬೇಕು. ಮದುರೆಯ ಹಳ್ಳಿಗನ ಮಾತು ಪಠ್ಯಪುಸ್ತಕದ ಕನ್ನಡ ಆಗಿಬಿಟ್ಟರೆ ಆ ಮನುಷ್ಯನೇ ಮಾಯ. ಅವನಿಗೆ ಮಂಡ್ಯದ್ದೋ ಧಾರವಾಡದ್ದೋ ಮಾತು ಕೊಡಿ, ಜೀವ ಬರುತ್ತೆ.

ದನಿ ಅಂದರೇನು ಅಂತ 2022ರ ‘ಜೇಮ್ಸ್’ ನಮಗೇ ತೋರಿಸಿತು. ಅಗಲಿದ ಪುನೀತ್‌ಗೆ ಅಣ್ಣ ಶಿವಣ್ಣನೇ ದನಿ ಕೊಟ್ಟರು. ಆದರೂ ಜನಕ್ಕೆ ಅಪ್ಪು ದನಿಯೇ ಬೇಕಿತ್ತು. ಆಮೇಲೆ ತಂತ್ರಜ್ಞಾನದಿಂದ ಅದನ್ನ ಮರಳಿ ತಂದರು.

ಈಗಿನ ದೊಡ್ಡ ಸಿನಿಮಾಗಳು ಕನ್ನಡದಲ್ಲೂ ಬರ್ತಿವೆ. ಆದರೆ ಬೆಂಗಳೂರಲ್ಲಿ ಮೂಲ ಭಾಷೆಯ ಆಟಗಳೇ ಹೆಚ್ಚು. ಅಜ್ಜಿಯನ್ನ ಕರ್ಕೊಂಡು ಹೋಗೋರು ಟಿಕೆಟ್ ತಗೊಳ್ಳೋ ಮುಂಚೆ ಯಾವ ಭಾಷೆಯ ಆಟ ಅಂತ ಒಮ್ಮೆ ನೋಡ್ಕೊಳ್ಳಿ.