ಗುತ್ತಿಗೆ ಕಾರ್ಮಿಕ ಕೆಲಸದಲ್ಲೇ ಸತ್ತರೆ ಪರಿಹಾರ ಯಾರ ಹೊಣೆ? ಮಾಲೀಕರು ಕೋರ್ಟ್‌ಗೆ ಹೋದರೆ ಮುಂದೇನು?

ಚೆನ್ನೈ: ಐಟಿ ಕಂಪನಿಗಳ ಶೋಳಿಂಗನಲ್ಲೂರ್‌ನಲ್ಲಿ ಕಟ್ಟಡ ಕಾಮಗಾರಿ ನಿಂತದ್ದೇ ಇಲ್ಲ. ಮೆಟ್ರೋ ಎರಡನೇ ಹಂತದ ಎರಡು ಮಾರ್ಗಗಳು ಇಲ್ಲಿಗೇ ಬರುತ್ತವೆ. ಇಂಥ ಸೈಟ್‌ಗಳಲ್ಲಿ ಯಾರಾದರೂ ಬಿದ್ದು ಸತ್ತರೆ ಮೊದಲು ಕೇಳಿಬರುವ ಮಾತು, 'ಅವನು ನಮ್ಮವನಲ್ಲ, ಕಂಟ್ರಾಕ್ಟರ್ ಕಡೆಯವನು'.

ಕಾನೂನು ಈ ಮಾತನ್ನು ಒಪ್ಪುವುದಿಲ್ಲ. 1923ರ ನೌಕರರ ಪರಿಹಾರ ಕಾಯ್ದೆಯ 12ನೇ ಸೆಕ್ಷನ್ ಪ್ರಕಾರ, ತನ್ನ ವ್ಯವಹಾರದ ಕೆಲಸವನ್ನು ಗುತ್ತಿಗೆಗೆ ಕೊಟ್ಟ ಮೂಲ ಮಾಲೀಕನೇ ಪರಿಹಾರ ಕೊಡಬೇಕು. ಆಮೇಲೆ ಗುತ್ತಿಗೆದಾರನಿಂದ ವಸೂಲಿ ಮಾಡಿಕೊಳ್ಳುವುದು ಅವರಿಬ್ಬರ ಲೆಕ್ಕ. 'ಕುಡಿದಿದ್ದ', 'ಹೆಲ್ಮೆಟ್ ಹಾಕಿರಲಿಲ್ಲ' ಎಂಬ ನೆಪಗಳೂ ಸಾವಿನ ಪ್ರಕರಣದಲ್ಲಿ ನಡೆಯುವುದಿಲ್ಲ. ಸಾವು ಕೆಲಸದ ಅವಧಿಯಲ್ಲಿ, ಕೆಲಸದ ಕಾರಣಕ್ಕೇ ಆಗಿದೆ ಎಂದು ತೋರಿಸಿದರೆ ಸಾಕು.

ಎಷ್ಟು ಸಿಗುತ್ತದೆ? ತಿಂಗಳ ಸಂಬಳದ ಅರ್ಧವನ್ನು ವಯಸ್ಸಿನ ಅಂಶದಿಂದ ಗುಣಿಸಬೇಕು. 30 ವರ್ಷದವರಿಗೆ ಆ ಅಂಶ 207.98. ಸಂಬಳ ಎಷ್ಟೇ ಇರಲಿ, 2020ರ ಜನವರಿ 3ರಿಂದ ಲೆಕ್ಕಕ್ಕೆ ಹಿಡಿದ ಮಿತಿ 15,000 ರೂಪಾಯಿ. ಅಂದರೆ 15,59,850 ರೂಪಾಯಿ. ತಿಂಗಳಿಗೆ 25 ಸಾವಿರ ದುಡಿಯುತ್ತಿದ್ದ ಬಡಗಿಯ ಮನೆಯವರಿಗೂ ಇಷ್ಟೇ. ಇಎಸ್‌ಐ ವಿಮೆ ಇದ್ದವರ ಅವಲಂಬಿತರಿಗೆ ಇದರ ಬದಲು ಇಎಸ್‌ಐ ಪಿಂಚಣಿ ಬರುತ್ತದೆ.

ಒಂದು ತಿಂಗಳೊಳಗೆ ಹಣ ಕಟ್ಟದಿದ್ದರೆ ಕನಿಷ್ಠ ಶೇ 12 ಬಡ್ಡಿ, ಸರಿಯಾದ ಕಾರಣ ಇಲ್ಲದಿದ್ದರೆ ಶೇ 50ರವರೆಗೆ ದಂಡ. ಬಡ್ಡಿ ತೀರ್ಪಿನ ದಿನದಿಂದ ಎಂದು ಮಾಲೀಕರು ವಾದಿಸುವುದುಂಟು. ಆದರೆ ಪರಿಹಾರದ ಬಾಕಿ ಅಪಘಾತದ ದಿನವೇ ಹುಟ್ಟುತ್ತದೆ ಎಂದು ಸುಪ್ರೀಂ ಕೋರ್ಟ್ ಹೇಳಿ ದಶಕಗಳೇ ಕಳೆದಿವೆ.

ಆಯುಕ್ತರ ಆದೇಶದ ವಿರುದ್ಧ ಹೈಕೋರ್ಟ್‌ಗೆ ಮೇಲ್ಮನವಿ ಹಾಕಬಹುದು, ಆದರೆ ಮಹತ್ವದ ಕಾನೂನು ಪ್ರಶ್ನೆ ಇದ್ದರೆ ಮಾತ್ರ. ಅದಕ್ಕೂ ಮೊದಲು ಮಾಲೀಕ ಪೂರ್ತಿ ಹಣ ಠೇವಣಿ ಇಟ್ಟು, ಆಯುಕ್ತರಿಂದ ಪ್ರಮಾಣಪತ್ರ ತರಬೇಕು. ಕುಟುಂಬಕ್ಕೆ ಮೊದಲು ನೋವಾಗುತ್ತಿದ್ದುದು ಇಲ್ಲೇ: ಮೇಲ್ಮನವಿ ಮುಗಿಯುವತನಕ ಆ ಹಣವನ್ನು ತಡೆಹಿಡಿಯಲು ಕಾಯ್ದೆಯಲ್ಲಿ ಇದ್ದ ಅವಕಾಶವನ್ನು 2017ರಲ್ಲಿ ತೆಗೆದುಹಾಕಲಾಯಿತು. ಅಲ್ಲಿಯವರೆಗೆ ಹಣ ಇದ್ದೂ ಕೈಗೆ ಬಾರದಂತೆ ತಡೆಯಬಹುದಿತ್ತು.

2025ರ ನವೆಂಬರ್ 21ರಿಂದ ಈ ಕಾಯ್ದೆಯ ಜಾಗಕ್ಕೆ ಸಾಮಾಜಿಕ ಭದ್ರತಾ ಸಂಹಿತೆ ಬಂದಿದೆ. ಅರ್ಧ ಸಂಬಳ, ವಯಸ್ಸಿನ ಅಂಶದ ಸೂತ್ರ ಅದರಲ್ಲೂ ಇದೆ. ಮನೆಯಿಂದ ಕೆಲಸಕ್ಕೆ ಹೋಗಿ ಬರುವ ದಾರಿಯ ಅಪಘಾತವೂ, ಕೆಲಸದ ಜತೆ ಅದಕ್ಕೆ ನಂಟಿದ್ದರೆ, ಈಗ ಇದರ ವ್ಯಾಪ್ತಿಗೆ ಬರುತ್ತದೆ.

ರಾಯಚೂರು, ಯಾದಗಿರಿ ಕಡೆಯಿಂದ ಬಂದ ಕಾರ್ಮಿಕ ಚೆನ್ನೈಯಲ್ಲಿ ಸತ್ತರೆ ಮನೆಯವರು ಅಲ್ಲಿಗೇ ಅಲೆಯಬೇಕೆ? ಬೇಕಿಲ್ಲ. ಹಳೆಯ ಕಾಯ್ದೆಯ 21ನೇ ಸೆಕ್ಷನ್ ಪ್ರಕಾರ ಅವಲಂಬಿತರು ತಾವಿರುವ ಊರಿನ ವ್ಯಾಪ್ತಿಯ ಆಯುಕ್ತರ ಮುಂದೆಯೇ ಅರ್ಜಿ ಹಾಕಬಹುದು. ಗಡುವು ಸಾವಿನಿಂದ ಎರಡು ವರ್ಷ, ತಡವಾದರೆ ಸರಿಯಾದ ಕಾರಣ ಹೇಳಬೇಕು. ಹೆಣ ಊರಿಗೆ ಕಳಿಸುವಾಗ ಒಂದಿಷ್ಟು ದುಡ್ಡು ಕೊಟ್ಟು 'ಇತ್ಯರ್ಥವಾಯಿತು' ಎಂದು ಬರೆಸಿಕೊಂಡ ಕಾಗದ ಪರಿಹಾರದ ಹಕ್ಕನ್ನು ಕಸಿಯುವುದಿಲ್ಲ. ಸಾವಿನ ಪರಿಹಾರವನ್ನು ಆಯುಕ್ತರ ಬಳಿಯೇ ಕಟ್ಟಬೇಕು.